ರೇಕೊಹು ದ್ವೀಪಕ್ಕೆ ಹೋಗುವುದು ಹೇಗೆ, ಹೋದ ಮೇಲೆ ನೋಡುವುದು ಹೇಗೆ

ನ್ಯೂಜಿಲೆಂಡಿನ ನಕಾಶೆಯನ್ನು ಒಮ್ಮೆ ತೆಗೆದು ನೋಡಿ. ಬಲಗಡೆ ಒಂದು ಮೂಲೆಯಲ್ಲಿ ಚಿಕ್ಕ ಚೌಕ ಇರುತ್ತದೆ. ಅದರೊಳಗೆ ಒಂದು ದ್ವೀಪ, ಅದರ ಕೆಳಗೆ ಇನ್ನೊಂದು ಪುಟ್ಟ ದ್ವೀಪ, ಸುತ್ತ ನಾಲ್ಕಾರು ಚುಕ್ಕೆಗಳು. ಹಾಳೆಯಲ್ಲಿ ಜಾಗ ಸಾಲದೆ ಹಾಗೆ ಹಾಕಿರುತ್ತಾರೆ. ಕೆಲವು ನಕಾಶೆಗಳಲ್ಲಿ ಅದೂ ಇರುವುದಿಲ್ಲ. ನಾನು ವೆಲಿಂಗ್ಟನ್ನಿನ ಹೈಸ್ಕೂಲಿನಲ್ಲಿ ಭೂಗೋಳ ಕಲಿಸುತ್ತೇನೆ. ಪ್ರತಿ ವರ್ಷ ಮಕ್ಕಳಿಗೆ ಮೊದಲು ಮಾಡಿಸುವ ಕೆಲಸ ಒಂದೇ. ಆ ಚೌಕವನ್ನು ಅಳಿಸಿ, ಇನ್ನೊಂದು ಹಾಳೆ ಅಂಟಿಸಿ, ದ್ವೀಪವನ್ನು ಅದು ನಿಜವಾಗಿ ಇರುವ ಜಾಗದಲ್ಲಿ ಬರೆಯಿರಿ ಅನ್ನುತ್ತೇನೆ. ನೀವೂ ಹಾಗೇ ಮಾಡಿ. ದಕ್ಷಿಣ ದ್ವೀಪದ ಕರಾವಳಿಯಿಂದ ಪೂರ್ವಕ್ಕೆ ಸುಮಾರು 800 ಕಿಲೋಮೀಟರ್ ದೂರ, ಹೆಚ್ಚುಕಡಿಮೆ 44 ಡಿಗ್ರಿ ದಕ್ಷಿಣ ಅಕ್ಷಾಂಶ. ಅಲ್ಲಿಂದ ಪೂರ್ವಕ್ಕೆ ಅದೇ ಗೆರೆ ಹಿಡಿದು ಹೊರಟರೆ ದಕ್ಷಿಣ ಅಮೆರಿಕ ಬರುವ ತನಕ ಬರೀ ನೀರು.

ಇಂಗ್ಲಿಷಿನಲ್ಲಿ ಇದು ಚಾಥಮ್ ದ್ವೀಪ. ನ್ಯೂಜಿಲೆಂಡಿನ ಮೂಲನಿವಾಸಿಗಳಾದ ಮಾವೊರಿ ಜನ ವಾರೆಕೌರಿ ಅನ್ನುತ್ತಾರೆ. ಅಲ್ಲಿನ ಮೂಲ ಜನರಾದ ಮೊರಿಯೊರಿಗಳು ರೇಕೊಹು ಅನ್ನುತ್ತಾರೆ. ಟಿಕೆಟ್ ಕೊಳ್ಳುವಾಗ ಚಾಥಮ್ ಅಂತಲೇ ಹುಡುಕಿ. ಉಳಿದಂತೆ ನಾನು ಇಲ್ಲಿ ರೇಕೊಹು ಅಂತಲೇ ಬರೆಯುತ್ತೇನೆ.

ಆಕ್ಲೆಂಡ್, ವೆಲಿಂಗ್ಟನ್, ಕ್ರೈಸ್ಟ್‌ಚರ್ಚ್ ಊರುಗಳಲ್ಲಿ ಈಗ ಕನ್ನಡದವರು ಬೇಕಾದಷ್ಟು ಜನ ಇದ್ದೇವೆ. ಯುಗಾದಿಗೆ, ರಾಜ್ಯೋತ್ಸವಕ್ಕೆ ಸೇರಿದಾಗ ಮಾತು ರಜೆಯ ಕಡೆಗೆ ತಿರುಗುತ್ತದೆ. ನಾನು ರೇಕೊಹು ಅಂದರೆ ಎರಡು ಪ್ರಶ್ನೆ ಬರುತ್ತವೆ. ಅಲ್ಲಿ ನೋಡುವುದಕ್ಕೆ ಏನಿದೆ? ಅಲ್ಲಿದ್ದ ಜನ ಎಲ್ಲ ಸತ್ತುಹೋದರಂತೆ ಅಲ್ವಾ? ಮೊದಲನೆಯದಕ್ಕೆ ಉತ್ತರ ಮುಂದೆ ಬರುತ್ತದೆ. ಎರಡನೆಯದಕ್ಕೆ ಈಗಲೇ ಹೇಳುತ್ತೇನೆ. ಇಲ್ಲ, ಸತ್ತುಹೋಗಿಲ್ಲ. 2018ರ ಜನಗಣತಿಯಲ್ಲಿ ಸುಮಾರು ಸಾವಿರ ಜನ ತಮ್ಮನ್ನು ಮೊರಿಯೊರಿ ಎಂದು ಬರೆಸಿದ್ದಾರೆ. ದ್ವೀಪದ ಮೇಲೂ ಇದ್ದಾರೆ, ನಮ್ಮ ಊರುಗಳಲ್ಲೂ ಇದ್ದಾರೆ. ಇದು ಗೊತ್ತಿಲ್ಲದೆ ಅಲ್ಲಿಗೆ ಹೋದರೆ ನೋಡಿದ್ದೆಲ್ಲ ತಪ್ಪಾಗಿ ಕಾಣುತ್ತದೆ. ಈ ಬರಹದ ಬಹುಪಾಲು ಅದಕ್ಕೇ.

ಹೊರಡುವ ಮೊದಲು

ಉಳಿಯುವ ಜಾಗವನ್ನು ಮೊದಲು ಗೊತ್ತುಮಾಡಿ, ಆಮೇಲೆ ವಿಮಾನ. ನಾವು ಸಾಮಾನ್ಯವಾಗಿ ಉಲ್ಟಾ ಮಾಡುತ್ತೇವೆ, ಅಗ್ಗದ ಟಿಕೆಟ್ ಕಂಡ ಕೂಡಲೇ ಕೊಂಡುಬಿಡುತ್ತೇವೆ. ಇಲ್ಲಿ ಅದು ನಡೆಯುವುದಿಲ್ಲ. ಇಡೀ ದ್ವೀಪಸಮೂಹದಲ್ಲಿ ಆರುನೂರು ಚಿಲ್ಲರೆ ಜನ ಇದ್ದಾರೆ ಅಷ್ಟೇ. ಉಳಿಯುವ ಮನೆಗಳು ಕೈಬೆರಳಲ್ಲಿ ಎಣಿಸುವಷ್ಟು. ಇಳಿದ ಮೇಲೆ ಹುಡುಕೋಣ ಅಂದರೆ ಬಯಲೇ ಗತಿ. ಬಹಳ ಕಡೆ ಉಳಿಸಿಕೊಳ್ಳುವವರೇ ವಿಮಾನ ನಿಲ್ದಾಣಕ್ಕೆ ಬಂದು ಕರೆದುಕೊಂಡು ಹೋಗುತ್ತಾರೆ. ಊಟ ಹಾಕುವವರೂ, ಗಾಡಿ ಬಾಡಿಗೆಗೆ ಕೊಡುವವರೂ, ಎಲ್ಲಿ ಯಾರ ಜಮೀನು ಎಂದು ಹೇಳುವವರೂ ಅವರೇ. ಹಾಗಾಗಿ ಇಮೇಲ್ ಬಿಟ್ಟು ಫೋನ್ ಮಾಡಿ ಮಾತಾಡಿ. ನೀವು ಯಾರು, ಏನು ನೋಡಬೇಕು ಅಂತಿದ್ದೀರಿ, ಮಕ್ಕಳಿದ್ದಾರಾ, ಎಲ್ಲ ಹೇಳಿ. ಅರ್ಧ ಕೆಲಸ ಆ ಒಂದು ಫೋನಿನಲ್ಲೇ ಆಗುತ್ತದೆ.

ವಿಮಾನ ಏರ್ ಚಾಥಮ್ಸ್ ಕಂಪನಿಯದು. ವೆಲಿಂಗ್ಟನ್ನಿನಿಂದ ಸುಮಾರು ಎರಡು ಗಂಟೆ. ಆಕ್ಲೆಂಡಿನಿಂದಲೂ ಕ್ರೈಸ್ಟ್‌ಚರ್ಚಿನಿಂದಲೂ ಹೋಗುತ್ತದೆ. ದಿನಾ ಇರುವುದಿಲ್ಲ. ನ್ಯೂಜಿಲೆಂಡಿನ ಭಾಗವೇ ಆದ್ದರಿಂದ ಬೇರೆ ವೀಸಾ ಬೇಡ. ಬೆಂಗಳೂರಿನಿಂದ ಅಪ್ಪ ಅಮ್ಮ ಬಂದಿದ್ದರೆ ಅವರನ್ನೂ ಕರೆದುಕೊಂಡು ಹೋಗಬಹುದು. ಆದರೆ ಅವರು ಭಾರತಕ್ಕೆ ಮರಳುವ ವಿಮಾನದ ಹಿಂದಿನ ದಿನಕ್ಕೆ ರೇಕೊಹುವಿನಿಂದ ವಾಪಸು ಬರುವ ಟಿಕೆಟ್ ಇಟ್ಟುಕೊಳ್ಳಬೇಡಿ. ಮಂಜು ಬಿದ್ದರೆ, ಗಾಳಿ ಎದ್ದರೆ ವಿಮಾನ ಹಾರುವುದಿಲ್ಲ. ಎರಡು ದಿನವಾದರೂ ಕೈಯಲ್ಲಿರಲಿ.

ಹೋಗುವುದಕ್ಕೆ ನವೆಂಬರಿನಿಂದ ಮಾರ್ಚ್ ಒಳ್ಳೆಯದು. ಹಗಲು ಉದ್ದ ಇರುತ್ತದೆ. ಬೇಸಿಗೆ ಅಂತ ಮೋಸ ಹೋಗಬೇಡಿ, ಬಿಸಿಲಿದ್ದರೂ ಇಪ್ಪತ್ತು ಡಿಗ್ರಿ ದಾಟುವುದು ಕಷ್ಟ, ಗಾಳಿಯಂತೂ ಬಿಡುವುದೇ ಇಲ್ಲ. ಕೊಡೆ ಮನೆಯಲ್ಲೇ ಇಡಿ, ತೆರೆದ ನಿಮಿಷದಲ್ಲೇ ಕಡ್ಡಿ ಮುರಿಯುತ್ತದೆ. ಗಾಳಿ ತಡೆಯುವ ಮಳೆ ಜಾಕೆಟ್, ಉಣ್ಣೆ ಟೋಪಿ, ಕೆಸರಿಗೆ ಗಟ್ಟಿ ಬೂಟು ಬೇಕು. ಬೂಟನ್ನು ಹೊರಡುವ ಮೊದಲು ಚೆನ್ನಾಗಿ ತೊಳೆಯಿರಿ. ಅಟ್ಟೆಯ ಸಂದಿಯಲ್ಲಿ ಕೂತ ಮಣ್ಣನ್ನು ಹಳೆಯ ಹಲ್ಲುಜ್ಜುವ ಬ್ರಷ್ಷಿನಿಂದ ತೆಗೆಯಿರಿ. ಪ್ರಪಂಚದಲ್ಲಿ ಬೇರೆಲ್ಲೂ ಇಲ್ಲದ ಗಿಡಗಳು ಅಲ್ಲಿವೆ. ನಮ್ಮ ಹಿತ್ತಿಲಿನ ಒಂದು ಕಳೆ ಬೀಜ ಅಲ್ಲಿಗೆ ಹೋಗಿ ಬೇರೂರಿದರೆ ಆ ನಷ್ಟವನ್ನು ತುಂಬುವವರು ಯಾರು?

ಊಟದ ವಿಷಯ ಬಿಡಿಸಿ ಹೇಳಬೇಕು, ಯಾಕೆಂದರೆ ನಮ್ಮಲ್ಲಿ ಸಸ್ಯಾಹಾರಿಗಳು ಜಾಸ್ತಿ. ರೇಕೊಹುವಿನ ಜನ ಸಮುದ್ರದಿಂದ ಬದುಕುವವರು. ಬ್ಲೂ ಕಾಡ್ ಮೀನು, ಕಲ್ಲೇಡಿಯಂಥ ಕ್ರೇಫಿಶ್, ಪಾವಾ ಎಂಬ ಚಿಪ್ಪಿನ ಜೀವಿ, ಇವೇ ಅಲ್ಲಿನ ದುಡಿಮೆ, ಇವೇ ಅಲ್ಲಿನ ಊಟ. ತಿನ್ನುವವರಿಗೆ ಹಬ್ಬ. ತಿನ್ನದವರು ಮೊದಲೇ ತಿಳಿಸಿಬಿಡಿ, ಅವರು ಬೇಸರ ಮಾಡಿಕೊಳ್ಳುವುದಿಲ್ಲ. ತರಕಾರಿ, ಬೇಳೆ, ಅಕ್ಕಿ ಎಲ್ಲ ಹಡಗಿನಲ್ಲೋ ವಿಮಾನದಲ್ಲೋ ಬರಬೇಕು, ಬೆಲೆ ಜಾಸ್ತಿ. ನಾನು ಅವಲಕ್ಕಿ, ಚಟ್ನಿಪುಡಿ, ಸ್ವಲ್ಪ ತೊಗರಿಬೇಳೆ, ಮನೆಯಲ್ಲಿ ಮಾಡಿದ ಸಾರಿನಪುಡಿ ಒಯ್ಯುತ್ತೇನೆ. ಒಂದು ಸಂಜೆ ನಾವು ಉಳಿದಿದ್ದ ಮನೆಯ ಯಜಮಾನಿಯ ಅಡುಗೆಮನೆಯಲ್ಲಿ ಸಾರು ಕುದಿಸಿದೆ. ಆಕೆ ತಟ್ಟೆಯಲ್ಲಿ ಅನ್ನ ಹಾಕಿಸಿಕೊಂಡು ಎರಡನೇ ಸಲ ಸಾರು ಕೇಳಿದರು. ಆಮೇಲೆ ಮೇಜಿನ ಬಳಿ ಕೂತು ತಮ್ಮ ಅಜ್ಜಿಯ ಕಡೆಯವರ ಕಥೆ ಹೇಳುತ್ತಾ ಹೋದರು. ಪುಸ್ತಕದಲ್ಲಿ ಓದಿದ ಎಷ್ಟೋ ಸಂಗತಿ ನನಗೆ ಮನಸ್ಸಿಗೆ ನಾಟಿದ್ದು ಆ ರಾತ್ರಿ.

ಇಳಿದ ಕೂಡಲೇ ಗಡಿಯಾರವನ್ನು 45 ನಿಮಿಷ ಮುಂದಕ್ಕೆ ತಿರುಗಿಸಿ. ರೇಕೊಹುವಿನ ಸಮಯ ನ್ಯೂಜಿಲೆಂಡಿನ ಸಮಯಕ್ಕಿಂತ ಮುಕ್ಕಾಲು ಗಂಟೆ ಮುಂದೆ. ರೇಖಾಂಶ ನೋಡಿದರೆ ದ್ವೀಪ 180 ಡಿಗ್ರಿ ಗೆರೆಯ ಆಚೆ ಇದೆ. ಆದರೂ ತಾರೀಖು ನ್ಯೂಜಿಲೆಂಡಿನದೇ ಇರಲಿ ಎಂದು ಅಂತರರಾಷ್ಟ್ರೀಯ ದಿನರೇಖೆಯನ್ನೇ ಇಲ್ಲಿ ಪೂರ್ವಕ್ಕೆ ಬಾಗಿಸಿದ್ದಾರೆ. ಭೂಗೋಳ ಇಷ್ಟಪಡುವ ಮಕ್ಕಳಿಗೆ ಇದನ್ನು ಗೋಲ ಇಟ್ಟುಕೊಂಡು ತೋರಿಸಿ, ಕಣ್ಣರಳಿಸುತ್ತಾರೆ.

ಮೊದಲ ದಿನ: ನೆಲವನ್ನು ಓದಿ

ಮೊದಲ ದಿನ ಸುಮ್ನೆ ಸುತ್ತಾಡಿ. ಇತಿಹಾಸದ ಜಾಗಗಳಿಗೆ ಅವಸರ ಮಾಡಬೇಡಿ. ನೆಲ ಹೇಗಿದೆ ಅಂತ ಗೊತ್ತಾದರೆ ಅಲ್ಲಿನ ಜನ ಯಾಕೆ ಹಾಗೆ ಬದುಕಿದರು ಅನ್ನುವುದು ತಾನಾಗೇ ತಿಳಿಯುತ್ತದೆ.

ದೊಡ್ಡ ದ್ವೀಪ ಸುಮಾರು 900 ಚದರ ಕಿಲೋಮೀಟರ್. ಅದರಲ್ಲಿ ದೊಡ್ಡ ಪಾಲು ತೆ ವಾಂಗ ಎಂಬ ಹಿನ್ನೀರಿನ ಸರೋವರ. ದ್ವೀಪದ ಹೊಟ್ಟೆಯೊಳಗೇ ಅಷ್ಟು ನೀರು! ಪೂರ್ವದ ಕಡೆ ತೆಳ್ಳಗಿನ ಮರಳ ದಿಬ್ಬ ಅದನ್ನು ಸಮುದ್ರದಿಂದ ಬೇರೆ ಮಾಡುತ್ತದೆ. ಆ ದಿಬ್ಬ ಆಗಾಗ ಒಡೆದು ಸರೋವರ ಸಮುದ್ರಕ್ಕೆ ತೆರೆದುಕೊಳ್ಳುತ್ತದೆ, ಮತ್ತೆ ಮುಚ್ಚಿಕೊಳ್ಳುತ್ತದೆ. ಪಶ್ಚಿಮ ದಡದಲ್ಲಿ ಸುಣ್ಣಕಲ್ಲಿನ ಪದರಗಳಿವೆ. ಅಲ್ಲಿ ಕೋಟ್ಯಂತರ ವರ್ಷ ಹಳೆಯ ಶಾರ್ಕ್ ಹಲ್ಲುಗಳು ಕಲ್ಲಾಗಿ ಸಿಗುತ್ತವೆ.

ಉತ್ತರ ಭಾಗ ತಗ್ಗು, ಅಲ್ಲಲ್ಲಿ ಹಳೆಯ ಜ್ವಾಲಾಮುಖಿಗಳ ಗುಡ್ಡಗಳು. ದಕ್ಷಿಣ ಭಾಗ ಎತ್ತರದ ಮೇಲ್ನೆಲ, ಅಂಚಿನಲ್ಲಿ ಸಮುದ್ರಕ್ಕೆ ನೇರ ಇಳಿಯುವ ಕಡಿದಾದ ಬಂಡೆ. ದ್ವೀಪದ ಅತಿ ಎತ್ತರದ ಜಾಗವೂ 300 ಮೀಟರ್ ಮುಟ್ಟುವುದಿಲ್ಲ. ಆದ್ದರಿಂದ ಗಾಳಿಗೆ ಅಡ್ಡಿಯೇ ಇಲ್ಲ. ಅಕೆಅಕೆ ಮರಗಳು ಒಂದೇ ದಿಕ್ಕಿಗೆ ಬಾಗಿ ನಿಂತಿರುತ್ತವೆ. ಗಾಳಿ ಯಾವ ಕಡೆಯಿಂದ ಬೀಸುತ್ತದೆ ಎಂದು ಮರವನ್ನೇ ಕೇಳಿ. ಕಾಲಡಿಯ ನೆಲ ಬಹಳ ಕಡೆ ಪೀಟ್, ಅಂದರೆ ಕೊಳೆತ ಸಸ್ಯ ಸಾವಿರಾರು ವರ್ಷ ಪದರ ಪದರವಾಗಿ ಕೂಡಿದ ಕಪ್ಪು ಮಣ್ಣು. ನಡೆದರೆ ಮೆತ್ತಗೆ ಕುಸಿಯುತ್ತದೆ. ಓಹಿರಾ ಕೊಲ್ಲಿಯಲ್ಲಿ ಕಪ್ಪು ಬಸಾಲ್ಟ್ ಕಲ್ಲಿನ ಕಂಬಗಳಿವೆ, ಆರು ಮೂಲೆಯವು, ಒತ್ತೊತ್ತಾಗಿ ನಿಂತಿವೆ. ಉಡುಪಿಯ ಸೇಂಟ್ ಮೇರೀಸ್ ದ್ವೀಪ ನೋಡಿದವರಿಗೆ ಇದು ತಕ್ಷಣ ಗುರುತು ಸಿಗುತ್ತದೆ. ಎರಡೂ ಕಡೆ ಆದದ್ದು ಒಂದೇ, ಲಾವಾ ತಣ್ಣಗಾಗುತ್ತಾ ಕುಗ್ಗಿ ಸೀಳಿದ್ದು.

ಈಗ ಈ ನೆಲದ ಮೇಲೆ ನಿಂತು ಒಂದು ಲೆಕ್ಕ ಹಾಕಿ. ಮೊರಿಯೊರಿಗಳ ಹಿರಿಯರು ಪಾಲಿನೇಷಿಯಾದ ಜನ. ನ್ಯೂಜಿಲೆಂಡಿನ ಕಡೆಯಿಂದ ಸುಮಾರು 1500ರ ಹೊತ್ತಿಗೆ ಇಲ್ಲಿಗೆ ಬಂದು ನೆಲೆಸಿದರು ಎಂದು ಸಂಶೋಧಕರು ಹೇಳುತ್ತಾರೆ. ಬಂದವರಿಗೆ ಕುಮರಾ ಗೆಣಸು ಬೆಳೆಯುವುದು ಗೊತ್ತಿತ್ತು. ಈ ಚಳಿಗೆ ಅದು ಬೆಳೆಯಲಿಲ್ಲ. ದೊಡ್ಡ ದೋಣಿ ಕೊರೆಯುವುದು ಗೊತ್ತಿತ್ತು. ಅದಕ್ಕೆ ಬೇಕಾದ ದಪ್ಪದ ಎತ್ತರದ ಮರ ಇಲ್ಲಿಲ್ಲ. ಅವರು ಏನು ಮಾಡಿದರು ನೋಡಿ. ಹಾರಕೆಕೆ ನಾರುಗಿಡದ ಹಗುರ ದಂಟುಗಳನ್ನು ಕಟ್ಟು ಕಟ್ಟಿ, ಗಾಳಿ ತುಂಬಿದ ಸಮುದ್ರ ಕಳೆಯನ್ನು ಸೇರಿಸಿ ತೆಪ್ಪ ಮಾಡಿದರು. ಅಲೆ ಬಂದರೆ ನೀರು ತೆಪ್ಪದ ಒಳಗಿಂದಲೇ ಹರಿದು ಹೋಗುತ್ತದೆ, ಮಗುಚುವುದಿಲ್ಲ. ಅಂಥ ತೆಪ್ಪದಲ್ಲಿ ಕೂತು ದೂರದ ಬಂಡೆ ದ್ವೀಪಗಳಿಗೆ ಹೋಗಿ ಆಲ್ಬಟ್ರಾಸ್ ಮರಿಗಳನ್ನು ಹಿಡಿದು ತರುತ್ತಿದ್ದರು. ಆ ಸಮುದ್ರವನ್ನು ಒಮ್ಮೆ ದಡದಲ್ಲಿ ನಿಂತು ನೋಡಿ, ಆಮೇಲೆ ಅವರ ಧೈರ್ಯ ಏನಂತ ತಿಳಿಯುತ್ತದೆ. ಸೀಲ್ ಪ್ರಾಣಿಯ ಮಾಂಸ ತಿಂದರು, ಅದರ ತೊಗಲನ್ನು ಹೊದ್ದರು. ಕೋಪಿ ಮರದ ಕಾಯಿಯ ಬೀಜ ಹಸಿಯಾಗಿ ತಿಂದರೆ ವಿಷ. ಅದನ್ನು ಬೇಯಿಸಿ ನೀರಿನಲ್ಲಿ ಬಹಳ ದಿನ ನೆನೆಹಾಕಿ ವಿಷ ತೆಗೆದು ಊಟ ಮಾಡಿಕೊಂಡರು. ಆ ಕೋಪಿ ತೋಪುಗಳನ್ನು ಕಾಪಾಡಿಕೊಂಡು ಬಂದರು.

ಒಕ್ಕಲುತನ ಬಿಟ್ಟು ಬೇಟೆಗೆ ಇಳಿದದ್ದನ್ನು ಹಿಂದಕ್ಕೆ ಬಿದ್ದರು ಅಂತ ಹಳೆಯ ಕಾಲದ ಬಿಳಿಯ ಲೇಖಕರು ಬರೆದರು. ನನಗೆ ಹಾಗೆ ಕಾಣುವುದಿಲ್ಲ. ಒಂದು ನೆಲ ಏನು ಕೊಡುತ್ತದೆ, ಏನು ಕೊಡುವುದಿಲ್ಲ ಎಂದು ಇಷ್ಟು ಚೆನ್ನಾಗಿ ಅರಿತುಕೊಂಡವರನ್ನು ಬುದ್ಧಿವಂತರು ಅನ್ನದೆ ಬೇರೇನು ಅನ್ನಬೇಕು?

ನುನುಕುವಿನ ಕಟ್ಟಳೆ

ರೇಕೊಹುವಿನಲ್ಲಿ ಯಾರ ಜೊತೆ ಹತ್ತು ನಿಮಿಷ ಮಾತಾಡಿದರೂ ನುನುಕು ವೆನುವ ಎಂಬ ಹಿರಿಯನ ಹೆಸರು ಬರುತ್ತದೆ. ಮೊರಿಯೊರಿ ಗುಂಪುಗಳು ತಮ್ಮತಮ್ಮಲ್ಲೇ ಹೊಡೆದಾಡಿ ಸಾಯುತ್ತಿದ್ದ ಕಾಲದಲ್ಲಿ ಆತ ಒಂದು ಕಟ್ಟಳೆ ಮಾಡಿದ. ಮನುಷ್ಯ ಮನುಷ್ಯನನ್ನು ಕೊಲ್ಲಬಾರದು. ಜಗಳ ಬಂದರೆ ಹೆಬ್ಬೆರಳಿನಷ್ಟು ದಪ್ಪದ ಕೋಲಿನಲ್ಲಿ ಹೊಡೆದಾಡಬಹುದು, ಮೊದಲ ಹನಿ ರಕ್ತ ಕಂಡ ಕೂಡಲೇ ನಿಲ್ಲಿಸಬೇಕು. ಆ ಮಾತನ್ನು ತಲೆಮಾರಿನಿಂದ ತಲೆಮಾರಿಗೆ ದಾಟಿಸಿದರು, ಗಂಡು ಮಕ್ಕಳಿಗೆ ಶಾಸ್ತ್ರ ಮಾಡಿ ಹೇಳಿಕೊಟ್ಟರು.

ನಮ್ಮವರಿಗೆ ಇದನ್ನು ಹೇಳಿದ ಕೂಡಲೇ ಗಾಂಧಿ ನೆನಪಾಗುತ್ತಾರೆ, ಶ್ರವಣಬೆಳಗೊಳ ನೆನಪಾಗುತ್ತದೆ. ಅಲ್ಲಿನವರ ಹತ್ತಿರ ಮಾತಾಡುವಾಗ ಆ ಹೋಲಿಕೆಯನ್ನು ಸ್ವಲ್ಪ ಹೊತ್ತು ಬದಿಗಿಡಿ. ಇದು ಅವರ ನೆಲದಲ್ಲಿ ಹುಟ್ಟಿದ್ದು. ಎಲ್ಲಿಗೂ ಓಡಿಹೋಗಲು ಜಾಗವಿಲ್ಲದ ದ್ವೀಪದಲ್ಲಿ ಕೊಲೆಗೆ ಕೊಲೆ ಅಂತ ಹೋದರೆ ಎರಡು ತಲೆಮಾರಿನಲ್ಲಿ ಯಾರೂ ಉಳಿಯುವುದಿಲ್ಲ. ಅದನ್ನು ಕಂಡವರು ಮಾಡಿಕೊಂಡ ಒಪ್ಪಂದ ಇದು. ಮೊದಲು ಅವರು ಹೇಳುವುದನ್ನು ಪೂರ್ತಿ ಕೇಳಿ.

ತೆ ವಾಂಗದ ದಡದ ಹತ್ತಿರ ನುನುಕುವಿನ ಹೆಸರಿನ ಗುಹೆ ಇದೆ, ಗೋಡೆಯಲ್ಲಿ ಸೀಲ್ ಮತ್ತು ಹಕ್ಕಿಗಳ ಗೀರು ಚಿತ್ರಗಳಿವೆ. ಯಾರನ್ನೂ ಕೇಳದೆ ಹೋಗಬೇಡಿ. ರೇಕೊಹುವಿನಲ್ಲಿ ಬಹುಪಾಲು ಜಮೀನು ಖಾಸಗಿ. ಬೇಲಿಯ ಬಾಗಿಲು ತೆರೆದಿದ್ದರೂ ಒಪ್ಪಿಗೆ ಬೇಕು. ಇದನ್ನು ಎಷ್ಟು ಸಲ ಹೇಳಿದರೂ ಸಾಲದು.

ಹೋಗುವ ಮೊದಲೇ ತಿಳಿದಿರಬೇಕಾದ ಇತಿಹಾಸ

ಇದನ್ನು ಓದುವುದು ಸುಲಭವಲ್ಲ. ಆದರೂ ಓದಿಕೊಂಡೇ ಹೋಗಿ. ನಿಮ್ಮ ಎದುರು ಕೂತು ಕಾಫಿ ಕುಡಿಯುವವರ ಅಜ್ಜ ಅಜ್ಜಿಯರ ಕಥೆ ಇದು.

1791ರ ನವೆಂಬರ್ 29ರಂದು ಲೆಫ್ಟಿನೆಂಟ್ ವಿಲಿಯಂ ಬ್ರಾಟನ್ ಎಂಬಾತನ ಚಾಥಮ್ ಹೆಸರಿನ ಹಡಗು ಉತ್ತರದ ಕೈಂಗರೋವ ಕೊಲ್ಲಿಗೆ ಬಂತು. ದಡದಲ್ಲಿ ಮೀನುಬಲೆಯ ವಿಷಯಕ್ಕೆ ತಕರಾರಾಗಿ ತಮಕರೋರೊ ಎಂಬ ಮೊರಿಯೊರಿ ಗುಂಡಿಗೆ ಬಲಿಯಾದ. ಅದಾದ ಮೇಲೆ ಹಿರಿಯರು ಸೇರಿ ಯೋಚನೆ ಮಾಡಿದರು. ಮುಂದೆ ಯಾರೇ ಬಂದರೂ ಶಾಂತಿಯ ಗುರುತಿನೊಂದಿಗೆ ಎದುರುಗೊಳ್ಳಬೇಕು ಎಂದು ನಿರ್ಧಾರ ಮಾಡಿದರು. ಸತ್ತವನು ತಮ್ಮವನು, ಆದರೂ ಹಾಗೆ ನಿರ್ಧಾರ ಮಾಡಿದರು! ಆಮೇಲೆ ಸೀಲ್ ಬೇಟೆಯವರು, ತಿಮಿಂಗಿಲ ಬೇಟೆಯವರು ಬಂದರು. ರೋಗಗಳೂ ಬಂದವು. ಸೀಲ್‌ಗಳು ಮುಗಿದವು.

1835ರ ಕೊನೆಯಲ್ಲಿ ಲಾರ್ಡ್ ರಾಡ್ನಿ ಎಂಬ ಹಡಗಿನಲ್ಲಿ, ಎರಡು ಸಲವಾಗಿ, ಸುಮಾರು 900 ಮಾವೊರಿ ಜನ ಬಂದಿಳಿದರು. ಅವರು ನ್ಗಾತಿ ಮುತುಂಗ ಮತ್ತು ನ್ಗಾತಿ ತಮ ಪಂಗಡದವರು. ಮೂಲತಃ ತಾರನಾಕಿ ಪ್ರದೇಶದವರು, ಆಗ ಈಗಿನ ವೆಲಿಂಗ್ಟನ್ ಬಂದರಿನಲ್ಲಿದ್ದವರು. ಅವರ ಹತ್ತಿರ ಬಂದೂಕುಗಳಿದ್ದವು. ಬಂದವರು ದ್ವೀಪದ ಮೇಲೆ ನಡೆದಾಡುತ್ತಾ ಈ ನೆಲ ನಮ್ಮದು ಅನ್ನತೊಡಗಿದರು. ತೆ ವಾಂಗದ ಪೂರ್ವ ದಡದ ತೆ ಅವಪಾತಿಕಿ ಎಂಬಲ್ಲಿ ಮೊರಿಯೊರಿಗಳ ದೊಡ್ಡ ಸಭೆ ಸೇರಿತು. ಹುಡುಗರು, ನುನುಕುವಿನ ಮಾತು ನಮ್ಮನಮ್ಮೊಳಗಿನದು, ಹೊರಗಿನವರಿಗೆ ಅನ್ವಯಿಸುವುದಿಲ್ಲ, ತಿರುಗಿ ಹೋರಾಡೋಣ ಅಂದರು. ತೋರೆಯಾ, ತಪಾತಾ ಎಂಬ ಹಿರಿಯರು ಒಪ್ಪಲಿಲ್ಲ. ಕಟ್ಟಳೆ ಮುರಿಯುವುದಿಲ್ಲ, ನೆಲವನ್ನು ಹಂಚಿಕೊಳ್ಳೋಣ, ಸ್ನೇಹ ಕೇಳೋಣ ಅಂದರು. ಸಭೆ ಹಾಗೇ ತೀರ್ಮಾನ ಮಾಡಿತು. ಆ ಮಾತನ್ನು ಹೇಳಲು ಅವಕಾಶ ಸಿಗುವ ಮೊದಲೇ ದಾಳಿಯಾಯಿತು. ಸುಮಾರು 300 ಜನರನ್ನು ಕೊಂದರು. ಉಳಿದವರನ್ನು ಗುಲಾಮರನ್ನಾಗಿ ಮಾಡಿದರು. ಮೊರಿಯೊರಿಗಳು ತಮ್ಮೊಳಗೆ ಮದುವೆಯಾಗುವಂತಿಲ್ಲ, ತಮ್ಮ ಭಾಷೆ ಆಡುವಂತಿಲ್ಲ ಎಂದು ಮಾಡಿದರು.

1835ರಲ್ಲಿ 1,600ಕ್ಕೂ ಹೆಚ್ಚು ಜನ ಇದ್ದರು. 1862ರಲ್ಲಿ ಉಳಿದಿದ್ದವರು 101. ಈ ಲೆಕ್ಕ ನಮಗೆ ಗೊತ್ತಿರುವುದು ಮೊರಿಯೊರಿ ಹಿರಿಯರಿಂದಲೇ. ಆ ವರ್ಷ ಅವರು ಕೂತು 1835ರಲ್ಲಿ ಬದುಕಿದ್ದ ಒಬ್ಬೊಬ್ಬರ ಹೆಸರನ್ನೂ ನೆನಪಿನಿಂದ ಹೇಳಿ ಬರೆಸಿದರು. ಅದರ ಜೊತೆಗೆ ಗವರ್ನರ್ ಜಾರ್ಜ್ ಗ್ರೇಗೆ ಅರ್ಜಿ ಬರೆದರು. ಹಿರವಾನು ತಾಪು ಎಂಬಾತ ಓದುಬರಹ ಬಲ್ಲವನು, ಈ ಕೆಲಸದ ಬೆನ್ನೆಲುಬಾಗಿದ್ದವನು. ಮೊರಿಯೊರಿ ಭಾಷೆಯ ಎಷ್ಟೋ ಮಾತು, ಹಾಡು, ಕಥೆ ಇವತ್ತಿಗೂ ಉಳಿದಿದ್ದರೆ ಅದರಲ್ಲಿ ಆತನ ಪಾಲು ದೊಡ್ಡದು. ಗುಲಾಮಗಿರಿ ಮುಗಿದದ್ದು 1863ರಲ್ಲಿ. 1870ರಲ್ಲಿ ಭೂಮಿಯ ಕೋರ್ಟು ದ್ವೀಪದ 97 ಪರ್ಸೆಂಟಿಗೂ ಜಾಸ್ತಿ ನೆಲವನ್ನು ನ್ಗಾತಿ ಮುತುಂಗದವರಿಗೆ ಬರೆದುಕೊಟ್ಟಿತು. ನೆಲ ಗೆದ್ದವರದು ಅನ್ನುವುದು ಅದರ ನ್ಯಾಯ. ತಿರುಗಿ ಹೊಡೆಯದವರು ಹಕ್ಕು ಕಳೆದುಕೊಂಡರು. ಈ ಸಾಲನ್ನು ತರಗತಿಯಲ್ಲಿ ಹೇಳುವಾಗ ನನಗೆ ಪ್ರತಿ ಸಲವೂ ಸಿಟ್ಟು ಬರುತ್ತದೆ. ಬರಲಿ ಅಂತ ಬಿಡುತ್ತೇನೆ, ಮಕ್ಕಳಿಗೂ ಅದು ಕಾಣಲಿ.

ಇದರ ಮೇಲೆ ಇನ್ನೊಂದು ಅನ್ಯಾಯ ಆಯಿತು. ಮೊರಿಯೊರಿಗಳು ಬೇರೆ ಯಾವುದೋ ಕೀಳು ಜನಾಂಗ, ನ್ಯೂಜಿಲೆಂಡಿನಲ್ಲಿ ಮೊದಲಿದ್ದವರು, ಮಾವೊರಿಗಳು ಬಂದು ಓಡಿಸಿದರು, ಕೊನೆಗೆ ಅಳಿದೇ ಹೋದರು ಎಂಬ ಕಟ್ಟುಕಥೆಯನ್ನು ಶಾಲೆಯ ಮಕ್ಕಳಿಗೆ ದಶಕಗಟ್ಟಲೆ ಕಲಿಸಿದರು. ಬಂದು ಹತ್ತಾರು ವರ್ಷವಾದ ನಮ್ಮವರೂ ಇದನ್ನು ಹೇಳುವುದನ್ನು ಕೇಳಿದ್ದೇನೆ. ಈ ಕಥೆ ಬಿಳಿಯರಿಗೆ ಅನುಕೂಲವಾಗಿತ್ತು, ನೀವು ಅವರನ್ನು ಓಡಿಸಿದಿರಿ, ನಾವು ನಿಮ್ಮ ನೆಲ ತೆಗೆದುಕೊಂಡೆವು, ಸರಿಹೋಯಿತು ಅನ್ನುವುದಕ್ಕೆ. ಈಗಲಾದರೂ ಅದನ್ನು ಬಾಯಿಂದ ಬಿಡೋಣ.

ನೋಡಬೇಕಾದ ಜಾಗಗಳು, ನೋಡುವ ರೀತಿ

ಹಾಪೂಪೂ ಕಾಡಿಗೆ ಒಂದು ಪೂರ್ತಿ ಅರ್ಧ ದಿನ ಇಟ್ಟುಕೊಳ್ಳಿ. ಈಶಾನ್ಯ ಕರಾವಳಿಯ ಹತ್ತಿರ, ಬೇಲಿ ಹಾಕಿ ಕಾಪಾಡಿದ ಕೋಪಿ ತೋಪು. ಇಲ್ಲಿ ಮರಗಳ ತೊಗಟೆಯ ಮೇಲೆ ಮೊರಿಯೊರಿಗಳು ಕೆತ್ತಿದ ಮನುಷ್ಯರ, ಹಕ್ಕಿಗಳ ಆಕಾರಗಳಿವೆ. ರಾಕೌ ಮೊಮೊರಿ ಅನ್ನುತ್ತಾರೆ. ಒಳಗೆ ಹೋದ ಕೂಡಲೇ ಏನೂ ಕಾಣುವುದಿಲ್ಲ, ನಿರಾಸೆ ಬೇಡ. ಕಣ್ಣು ಕತ್ತಲಿಗೆ ಹೊಂದಿಕೊಳ್ಳಲಿ. ಮರದ ನೇರ ಎದುರಿಗೆ ನಿಂತರೆ ಗೆರೆ ಕಾಣುವುದಿಲ್ಲ, ಪಕ್ಕಕ್ಕೆ ಸರಿದು ಓರೆಯಾಗಿ ನೋಡಿ. ಬೆಳಗ್ಗೆ ಬೇಗ ಅಥವಾ ಸಂಜೆ ಬೆಳಕು ಅಡ್ಡ ಬೀಳುವಾಗ ಹೋದರೆ ಒಳ್ಳೆಯದು. ಮೊದಲು ಎರಡು ಕಣ್ಣು, ಆಮೇಲೆ ಪಕ್ಕೆಲುಬು, ಆಮೇಲೆ ಮಡಚಿದ ಕೈಕಾಲು ಹೀಗೆ ಒಂದೊಂದಾಗಿ ಮೂಡುತ್ತವೆ.

ಮುಟ್ಟಬೇಡಿ. ಬೆರಳಿನಿಂದ ಗೆರೆ ಹಿಂಬಾಲಿಸುವ ಆಸೆ ಎಲ್ಲರಿಗೂ ಬರುತ್ತದೆ, ಮಕ್ಕಳಿಗಂತೂ ಜಾಸ್ತಿ. ಮರಗಳು ಮುದಿಯಾಗಿವೆ. ಕಾಡು ಕಡಿದು ಹುಲ್ಲುಗಾವಲು ಮಾಡಿದ್ದರಿಂದ ಗಾಳಿ ಒಳನುಗ್ಗುತ್ತದೆ, ಹಿಂದೆ ದನ ಕುರಿ ಬೇರು ತುಳಿದು ಹಾಳು ಮಾಡಿವೆ. ಒಂದು ಮರ ಬಿದ್ದರೆ ಆ ಚಿತ್ರ ಹೋಯಿತು. ಅದಕ್ಕೇ ವಿಜ್ಞಾನಿಗಳೂ ಮೊರಿಯೊರಿಗಳೂ ಸೇರಿ ಲೇಸರ್ ಸ್ಕ್ಯಾನ್ ಮಾಡಿ ಇಟ್ಟಿದ್ದಾರೆ. ಕಾಲುದಾರಿ ಬಿಟ್ಟು ಇಳಿಯಬೇಡಿ, ಬೇರು ಮಣ್ಣಿನ ಮೇಲೇ ಇರುತ್ತದೆ. ಅಲ್ಲಿ ಜೋರಾಗಿ ಮಾತಾಡುವುದೂ ಬೇಡ. ಈ ಕೆತ್ತನೆಗಳಲ್ಲಿ ತಮ್ಮ ಹಿರಿಯರಿದ್ದಾರೆ ಎಂದು ಅವರು ಭಾವಿಸುತ್ತಾರೆ.

ಕೋಪಿಂಗ ಮರಾಯ್‌ಗೆ ಹೋಗುವುದು ಈ ಪ್ರವಾಸದ ಮುಖ್ಯ ಕೆಲಸ. ಅದು 2005ರ ಜನವರಿಯಲ್ಲಿ ತೆರೆದ ಮೊರಿಯೊರಿಗಳ ಸಭಾಮನೆ. ಮೇಲಿನಿಂದ ನೋಡಿದರೆ ರೆಕ್ಕೆ ಚಾಚಿದ ಆಲ್ಬಟ್ರಾಸ್ ಹಕ್ಕಿಯ ಆಕಾರ. ಒಳಗೆ ನಡುವಿನ ಕಂಬದ ಮೇಲೆ, 1862ರಲ್ಲಿ ನೆನಪಿನಿಂದ ಬರೆಸಿದ ಆ ಪಟ್ಟಿಯ ಹಿರಿಯರ ಹೆಸರುಗಳನ್ನು ಕೆತ್ತಿದ್ದಾರೆ, ಸಾವಿರಕ್ಕೂ ಹೆಚ್ಚು ಹೆಸರು. ಹೊಕೊತೆಹಿ ಮೊರಿಯೊರಿ ಟ್ರಸ್ಟ್ ಇದನ್ನು ನೋಡಿಕೊಳ್ಳುತ್ತದೆ. ಮೊದಲೇ ಬರೆದು ಕೇಳಿ, ಅವರು ಹೇಳಿದ ದಿನ ಹೇಳಿದ ಹೊತ್ತಿಗೆ ಹೋಗಿ. ಬಾಗಿಲಲ್ಲಿ ಚಪ್ಪಲಿ ಬಿಡಬೇಕು, ಅದು ನಮಗೆ ಅಭ್ಯಾಸವೇ. ಒಳಗೆ ತಿಂಡಿ ತಿನ್ನಬೇಡಿ. ಫೋಟೋ ಕೇಳಿಯೇ ತೆಗೆಯಿರಿ. ಅವರು ಮೆ ರೊಂಗೊ, ಅಂದರೆ ಶಾಂತಿಯೊಂದಿಗೆ, ಎಂದು ಸ್ವಾಗತಿಸುತ್ತಾರೆ, ನೀವೂ ಮೆ ರೊಂಗೊ ಅನ್ನಿ. ನಿಮ್ಮ ಸರದಿ ಬಂದಾಗ ನೀವು ಯಾವ ಊರಿನವರು, ಯಾವ ಹೊಳೆಯ ದಡದವರು ಎಂದು ಹೇಳಿಕೊಳ್ಳಿ. ನಾನು ತೀರ್ಥಹಳ್ಳಿ, ತುಂಗೆ ಅಂದೆ. ಒಂದು ಹಾಡು ಕೇಳಿದರೆ ಸಂಕೋಚ ಬೇಡ, ಕನ್ನಡದಲ್ಲೇ ಹಾಡಿ. ಅತಿಥಿ ತನ್ನ ಭಾಷೆಯಲ್ಲಿ ಹಾಡುವುದು ಅಲ್ಲಿ ಗೌರವ.

2020ರ ಫೆಬ್ರವರಿ 14ರಂದು ಇದೇ ಮರಾಯ್‌ನಲ್ಲಿ ಸರಕಾರ ಮತ್ತು ಮೊರಿಯೊರಿಗಳ ನಡುವೆ ಪರಿಹಾರ ಒಪ್ಪಂದಕ್ಕೆ ಸಹಿ ಆಯಿತು, 2021ರಲ್ಲಿ ಕಾಯಿದೆ ಬಂತು. ಸರಕಾರ ಕ್ಷಮೆ ಕೇಳಿತು, 1 ಕೋಟಿ 80 ಲಕ್ಷ ನ್ಯೂಜಿಲೆಂಡ್ ಡಾಲರ್ ಕೊಟ್ಟಿತು. ಗುಲಾಮಗಿರಿಯನ್ನು ನಿಲ್ಲಿಸದೆ ಕೈಕಟ್ಟಿ ಕೂತದ್ದನ್ನೂ, ಅಳಿದುಹೋದ ಜನ ಎಂಬ ಕಟ್ಟುಕಥೆ ಹಬ್ಬಿದ್ದನ್ನೂ ಒಪ್ಪಿಕೊಂಡಿತು.

ಆಗ್ನೇಯಕ್ಕೆ, ಓವೆಂಗಾ ಊರಿನಿಂದ ಮುಂದೆ, ಮನುಕೌ ಎಂಬಲ್ಲಿ ಟಾಮಿ ಸಾಲೊಮನ್ ಎಂಬವರ ಪ್ರತಿಮೆ ಇದೆ. ಮೊರಿಯೊರಿ ಹೆಸರು ತಮೆ ಹೊರೊಮೊನ ರೆಹೆ. 1933ರಲ್ಲಿ ತೀರಿಕೊಂಡಾಗ ಪತ್ರಿಕೆಗಳು ಕೊನೆಯ ಮೊರಿಯೊರಿ ಹೋದ ಎಂದು ಬರೆದವು. ಅಪ್ಪ ಅಮ್ಮ ಇಬ್ಬರ ಕಡೆಯಿಂದಲೂ ಮೊರಿಯೊರಿ ರಕ್ತವೇ ಇದ್ದವರಲ್ಲಿ ಕೊನೆಯವರು ಅನ್ನುವುದು ಅದರ ಹಿಂದಿನ ಲೆಕ್ಕ. ಅವರಿಗೆ ಮಕ್ಕಳಿದ್ದರು, ಮೊಮ್ಮಕ್ಕಳಿದ್ದಾರೆ. 1986ರಲ್ಲಿ ಈ ಪ್ರತಿಮೆ ನಿಲ್ಲಿಸಿದ್ದು ನಾವು ಇದ್ದೇವೆ ಎಂದು ಹೇಳುವುದಕ್ಕೆ. ಪಕ್ಕದಲ್ಲಿ ನಿಂತು ಮಕ್ಕಳಿಗೆ ಏನಾದರೂ ಹೇಳುವುದಿದ್ದರೆ ಇದನ್ನು ಹೇಳಿ.

ಇನ್ನೊಂದು ಸೂಕ್ಷ್ಮ. ನ್ಗಾತಿ ಮುತುಂಗದವರೂ ಈ ದ್ವೀಪದವರೇ, 1835ರಿಂದ ಇಲ್ಲೇ ಬಾಳಿದವರು. ಮದುವೆ ಸಂಬಂಧಗಳು ಬೆಳೆದಿವೆ. ಎಷ್ಟೋ ಮನೆಯವರಿಗೆ ಎರಡೂ ಕಡೆಯ ಹಿರಿಯರಿದ್ದಾರೆ. ನಿಮಗೆ ಊಟ ಬಡಿಸುವವರು ಯಾರ ಕಡೆಯವರು ಎಂದು ಊಹೆ ಮಾಡಬೇಡಿ, ಕೇಳಿ ತೀರ್ಪು ಕೊಡಲು ಹೋಗಬೇಡಿ. ಹೇಳಿದ್ದನ್ನು ಕೇಳಿಸಿಕೊಳ್ಳಿ, ಸಾಕು.

ಹಕ್ಕಿ ನೋಡುವವರಿಗೆ ಎರಡು ಮಾತು. ಬ್ಲ್ಯಾಕ್ ರಾಬಿನ್ ಎಂಬ ಪುಟ್ಟ ಕಪ್ಪು ಹಕ್ಕಿ 1980ರಲ್ಲಿ ಜಗತ್ತಿನಲ್ಲಿ ಐದೇ ಉಳಿದಿದ್ದವು, ಅದರಲ್ಲಿ ಮರಿ ಮಾಡಬಲ್ಲ ಹೆಣ್ಣು ಒಂದೇ. ಓಲ್ಡ್ ಬ್ಲೂ ಎಂದು ಅದನ್ನು ಕರೆದರು. ಹಕ್ಕಿಗಳನ್ನು ಉಳಿಸುವ ಕೆಲಸದಲ್ಲಿದ್ದ ಡಾನ್ ಮರ್ಟನ್ ಮತ್ತು ಜೊತೆಗಾರರು ಅದರ ಮೊಟ್ಟೆಗಳನ್ನು ಬೇರೆ ಜಾತಿಯ ಹಕ್ಕಿಯ ಗೂಡಿನಲ್ಲಿಟ್ಟು, ಅದು ಮತ್ತೆ ಮೊಟ್ಟೆ ಇಡುವಂತೆ ಮಾಡಿ, ಸಂತತಿ ಉಳಿಸಿದರು. ಈಗಿರುವ ನೂರಾರು ಹಕ್ಕಿಗಳೆಲ್ಲ ಆ ಒಂದೇ ತಾಯಿಯ ವಂಶ. ಅವು ಇರುವ ಮಂಗೆರೆ, ರಂಗತಿರ ದ್ವೀಪಗಳಿಗೆ ಪ್ರವಾಸಿಗರು ಇಳಿಯುವಂತಿಲ್ಲ. ದೋಣಿಯಿಂದ ದ್ವೀಪವನ್ನು ನೋಡಬಹುದು ಅಷ್ಟೇ, ಅದು ಸರಿಯೂ ಹೌದು. ನೈಋತ್ಯದ ಟುಕು ಕಣಿವೆಯ ಕಡೆ ಹೋದರೆ ಪರೆಯಾ ಎಂಬ ದಪ್ಪ ಪಾರಿವಾಳ ಸಿಗುತ್ತದೆ. ಸತ್ತೇಹೋಯಿತು ಎಂದುಕೊಂಡಿದ್ದ ತಾಯ್ಕೊ ಎಂಬ ಕಡಲಹಕ್ಕಿ 1978ರಲ್ಲಿ ಮತ್ತೆ ಸಿಕ್ಕಿದ್ದು ಅದೇ ಕಣಿವೆಯಲ್ಲಿ. ಅದು ಉಳಿಯಲೆಂದು ಅಲ್ಲಿನ ಒಂದು ಕುಟುಂಬ ತನ್ನ ಕಾಡನ್ನೇ ದಾನ ಕೊಟ್ಟಿತು.

ವಸಂತದಲ್ಲಿ ಹೋದರೆ ಚಾಥಮ್ ಫರ್ಗೆಟ್-ಮಿ-ನಾಟ್ ಹೂವು ನೋಡಿ, ನೀಲಿ ಗೊಂಚಲು, ಅಗಲ ಎಲೆ. ಕೀಳಬೇಡಿ. ಮನೆಯಲ್ಲಿ ಬೆಳೆಸಬೇಕಾದರೆ ನ್ಯೂಜಿಲೆಂಡಿನ ನರ್ಸರಿಗಳಲ್ಲೇ ಸಸಿ ಸಿಗುತ್ತದೆ.

ವಾಪಸು ಬರುವಾಗ ಮೀನು ಕೊಳ್ಳಬೇಕಿದ್ದರೆ ವೈಟಾಂಗಿ ಊರಿನಲ್ಲಿ ವಿಚಾರಿಸಿ, ತಣ್ಣಗಿಟ್ಟು ವಿಮಾನಕ್ಕೆ ಒಪ್ಪುವಂತೆ ಕಟ್ಟಿಕೊಡುತ್ತಾರೆ. ಸಾಮಾನಿನ ತೂಕಕ್ಕೆ ಮಿತಿ ಇದೆ, ಮೊದಲೇ ಕೇಳಿಕೊಳ್ಳಿ. ಬಸಾಲ್ಟ್ ಚೂರು, ಮರದ ತೊಗಟೆ, ಮರಳಿನಲ್ಲಿ ಸಿಕ್ಕ ಎಲುಬು ಇವನ್ನು ಚೀಲಕ್ಕೆ ಹಾಕಬೇಡಿ. ಅದರಲ್ಲೂ ಎಲುಬು. ಗಾಳಿಗೆ ಮರಳ ದಿಬ್ಬ ಸರಿದು ಹಿರಿಯರ ಸಮಾಧಿ ತೆರೆದುಕೊಳ್ಳುವುದುಂಟು. ಅಂಥದ್ದೇನಾದರೂ ಕಂಡರೆ ಮುಟ್ಟದೆ, ಫೋಟೋ ತೆಗೆಯದೆ, ಜಾಗ ಗುರುತಿಟ್ಟುಕೊಂಡು ಬಂದು ನೀವು ಉಳಿದಿರುವ ಮನೆಯವರಿಗೆ ತಿಳಿಸಿ. ಯಾರನ್ನು ಕರೆಸಬೇಕು ಎಂದು ಅವರಿಗೆ ಗೊತ್ತಿರುತ್ತದೆ.